ತಕ್ಕಡಿಯ ಆಚೆ: ಚಿಂಬಲ್‌ನ ದುಡಿಯುವ ಕನ್ನಡಿಗರ ನೆಲೆಯಿಂದ ದೇಹಗೌರವ ಮತ್ತು ಆರೋಗ್ಯ

ಸಾರಾಂಶ

ದೇಹ ಹೇಗಿದೆಯೋ ಹಾಗೆಯೇ ಗೌರವಕ್ಕೆ ಅರ್ಹ ಎನ್ನುವ ವಾದವೂ ಆರೋಗ್ಯಕ್ಕಾಗಿ ಜೀವನಕ್ರಮ ಬದಲಿಸಿಕೊಳ್ಳಬೇಕು ಎನ್ನುವ ವೈದ್ಯಕೀಯ ಸಲಹೆಯೂ ಪರಸ್ಪರ ವಿರುದ್ಧ ಎಂಬ ಗ್ರಹಿಕೆ ವ್ಯಾಪಕವಾಗಿದೆ. ಗೋವಾದ ಚಿಂಬಲ್‌ನಲ್ಲಿ ನೆಲೆಸಿರುವ ಉತ್ತರ ಕರ್ನಾಟಕ ಮೂಲದ ದುಡಿಯುವ ಕುಟುಂಬಗಳ ಬದುಕನ್ನು ಎದುರಿಗಿಟ್ಟುಕೊಂಡು ಈ ಲೇಖನ ಆ ಗ್ರಹಿಕೆಯನ್ನು ಪರಿಶೀಲಿಸುತ್ತದೆ. ರಾಷ್ಟ್ರೀಯ ಸಮೀಕ್ಷೆಗಳು, ಮೈಸೂರು ಮತ್ತು ಪುಣೆಯ ದೀರ್ಘಾವಧಿ ಅಧ್ಯಯನಗಳು, ಗೋವಾದಲ್ಲೇ ನಡೆದ ಸಮುದಾಯ ಆರೋಗ್ಯ ಪ್ರಯೋಗಗಳು ಇದರ ಆಧಾರ. ಭಾರತೀಯ ದೇಹದ ಮಟ್ಟಿಗೆ ತೂಕದ ಅಳತೆ ದಪ್ಪಗಿರುವವರ ವಿಷಯದಲ್ಲಷ್ಟೇ ಅಲ್ಲ, ತೆಳ್ಳಗಿರುವವರ ವಿಷಯದಲ್ಲೂ ದಾರಿ ತಪ್ಪಿಸುತ್ತದೆ. ಹಾಗಾಗಿ ದೇಹಗೌರವವನ್ನು ಆರೋಗ್ಯ ಸೇವೆಯ ಮೊದಲ ಹೆಜ್ಜೆಯಾಗಿ ಕಾಣಬೇಕು, ಮತ್ತು ಆ ಗೌರವ ಕನ್ನಡಿಯ ಮುಂದೆ ನಿಲ್ಲದೆ ಕೂಲಿ, ವಿಶ್ರಾಂತಿ, ನೀರು, ಊಟಗಳವರೆಗೆ ಹರಿಯಬೇಕು ಎಂಬುದು ಇಲ್ಲಿನ ವಾದ.

ಕೀಲಿಪದಗಳು: ದೇಹಗೌರವ, ಚಿಂಬಲ್, ವಲಸೆ ಕಾರ್ಮಿಕರು, ಮಧುಮೇಹ, ರಕ್ತಹೀನತೆ, ಸಮುದಾಯ ಆರೋಗ್ಯ

1. ಪೀಠಿಕೆ

ಚಿಂಬಲ್ ಇರುವುದು ಉತ್ತರ ಗೋವಾದ ತಿಸವಾಡಿ ತಾಲ್ಲೂಕಿನಲ್ಲಿ, ರಾಜಧಾನಿ ಪಣಜಿಯ ಮಗ್ಗುಲಲ್ಲಿ. ತೊಯ್ಯಾರ್ ಕೆರೆಯಿರುವ ಈ ಹಳೆಯ ಊರಿನೊಳಗೆ ಇಂದಿರಾನಗರ ಎಂಬ ದಟ್ಟ ಬಡಾವಣೆಯೂ ಇದೆ. ಅಲ್ಲಿ ಹೊರಗಿನಿಂದ ಬಂದು ನೆಲೆಸಿದವರಲ್ಲಿ ಕರ್ನಾಟಕದವರ ಸಂಖ್ಯೆ ದೊಡ್ಡದು. ರಾಜ್ಯದ ಅತಿ ದೊಡ್ಡ ಸರ್ಕಾರಿ ಆಸ್ಪತ್ರೆಯಾದ ಗೋವಾ ವೈದ್ಯಕೀಯ ಕಾಲೇಜು ಪಕ್ಕದ ಬಾಂಬೋಳಿಯಲ್ಲಿದೆ. ಚಿಂಬಲ್‌ಗೂ ತನ್ನದೇ ಪ್ರಾಥಮಿಕ ಆರೋಗ್ಯ ಕೇಂದ್ರವಿದೆ. ಆಸ್ಪತ್ರೆ ಇಷ್ಟು ಹತ್ತಿರವಿದ್ದರೂ ಆರೋಗ್ಯ ಹತ್ತಿರವಾಯಿತೇ ಎಂಬುದು ಇಂಥ ಊರು ಎತ್ತುವ ಪ್ರಶ್ನೆ.

1961ರ ಡಿಸೆಂಬರ್ 19ರಂದು ಪೋರ್ಚುಗೀಸ್ ಆಳ್ವಿಕೆ ಮುಗಿದ ಮೇಲೆ ಗೋವಾದಲ್ಲಿ ರಸ್ತೆ, ಬಂದರು, ಹೋಟೆಲು, ವಸತಿ ಕಟ್ಟಡಗಳ ಕೆಲಸ ಬಿರುಸಾಯಿತು. ಆ ಕೆಲಸಕ್ಕೆ ಬೇಕಾದ ತೋಳುಗಳಲ್ಲಿ ದೊಡ್ಡ ಪಾಲು ಘಟ್ಟದ ಮೇಲಿನಿಂದ, ಅಂದರೆ ಬೆಳಗಾವಿ, ವಿಜಯಪುರ, ಬಾಗಲಕೋಟೆ, ಗದಗ, ಹಾವೇರಿ, ಕೊಪ್ಪಳಗಳ ಬಯಲು ಸೀಮೆಯಿಂದ ಬಂದಿತು. ಮಳೆ ಕೈಕೊಟ್ಟ ವರ್ಷ ಬಂದವರು ಕೆಲವರು, ಬಂಧುಗಳ ಬೆನ್ನು ಹಿಡಿದು ಬಂದವರು ಇನ್ನು ಕೆಲವರು. ಗಾರೆ ಕೆಲಸ, ಮನೆಗೆಲಸ, ರಸ್ತೆ ಕೆಲಸ, ಸಣ್ಣ ವ್ಯಾಪಾರ ಇವರ ಬದುಕಿನ ಆಧಾರ. ಈ ಕುಟುಂಬಗಳಿಗೆ ದೇಹವೇ ಬಂಡವಾಳ. ಅದು ಒಂದು ದಿನ ಕೈಕೊಟ್ಟರೆ ಆ ದಿನದ ಕೂಲಿಯೂ ಇಲ್ಲ.

ದೇಹವನ್ನು ಕುರಿತ ಎರಡು ಮಾತುಗಳು ಇಂಥ ಮನೆಗಳಿಗೆ ಇಂದು ಹೊರಗಿನಿಂದ ಬರುತ್ತಿವೆ. ಫೋನಿನ ಪರದೆ ಬಿಳಿಯ ಬಣ್ಣ, ಸಣ್ಣ ಸೊಂಟ, ಉಬ್ಬಿದ ಸ್ನಾಯುಗಳನ್ನು ಚೆಲುವೆಂದು ತೋರಿಸುತ್ತದೆ. ಆಸ್ಪತ್ರೆಯ ಚೀಟಿ ತೂಕ ಇಳಿಸಿ ಎನ್ನುತ್ತದೆ. ಇವೆರಡಕ್ಕೂ ಉತ್ತರವಾಗಿ ಬೆಳೆದ ಬಾಡಿ ಪಾಸಿಟಿವಿಟಿ ಎಂಬ ಚಿಂತನೆ ಮಾತ್ರ ನಗರದ ಇಂಗ್ಲಿಷ್ ಬಲ್ಲ ಓದುಗರ ನಡುವೆಯೇ ಉಳಿದಿದೆ. ಅದನ್ನು ಈ ಲೇಖನ ದೇಹಗೌರವ ಎಂದು ಕರೆದು, ಅದರ ಅಗತ್ಯ ಹೆಚ್ಚಾಗಿರುವ ಕಡೆಗೆ ತರಲು ಯತ್ನಿಸುತ್ತದೆ. ಇಲ್ಲಿ ಬಳಸಿದ ಅಂಕಿಅಂಶಗಳು ರಾಜ್ಯ ಮತ್ತು ರಾಷ್ಟ್ರ ಮಟ್ಟದವು. ಅವುಗಳನ್ನು ಓದುವ ನೆಲೆ ಚಿಂಬಲ್.

2. ಒಂದು ಅಳತೆ, ಒಂದು ಪ್ರತಿಭಟನೆ

ತೂಕವನ್ನು ಎತ್ತರದ ವರ್ಗದಿಂದ ಭಾಗಿಸುವ ಲೆಕ್ಕವನ್ನು 1830ರ ದಶಕದಲ್ಲಿ ರೂಪಿಸಿದವರು ಬೆಲ್ಜಿಯಂನ ಅಡಾಲ್ಫ್ ಕೆಟ್ಲೆ. ಅವರು ವೈದ್ಯರಲ್ಲ, ಖಗೋಳಶಾಸ್ತ್ರಜ್ಞ ಮತ್ತು ಸಂಖ್ಯಾಶಾಸ್ತ್ರಜ್ಞ. ಒಂದು ಜನಸಮೂಹದ ಸರಾಸರಿ ಮನುಷ್ಯ ಹೇಗಿರುತ್ತಾನೆಂದು ತಿಳಿಯುವುದು ಅವರ ಉದ್ದೇಶವಾಗಿತ್ತು. ಒಬ್ಬೊಬ್ಬರ ಆರೋಗ್ಯವನ್ನು ತೀರ್ಮಾನಿಸುವುದಲ್ಲ. 1972ರಲ್ಲಿ ಅಮೆರಿಕದ ಆನ್ಸೆಲ್ ಕೀಸ್ ಮತ್ತು ಸಂಗಡಿಗರು ಇದಕ್ಕೆ ಬಾಡಿ ಮಾಸ್ ಇಂಡೆಕ್ಸ್, ಅಂದರೆ ಬಿಎಂಐ ಎಂಬ ಹೆಸರಿಟ್ಟರು. ಲೆಕ್ಕ ಸುಲಭ, ಸಲಕರಣೆ ಅಗ್ಗ. ಹೀಗಾಗಿ ಸಮೂಹಕ್ಕೆಂದು ಹುಟ್ಟಿದ ಅಳತೆ ಕ್ರಮೇಣ ವ್ಯಕ್ತಿಯ ಮೇಲಿನ ತೀರ್ಪಾಯಿತು.

ಆ ತೀರ್ಪಿಗೆ ಎದುರು ನಿಂತ ಚಳವಳಿ 1969ರಲ್ಲಿ ಅಮೆರಿಕದಲ್ಲಿ ಆರಂಭವಾಯಿತು. ದಪ್ಪ ದೇಹದವರಿಗೆ ಉದ್ಯೋಗದಲ್ಲಿ, ಆಸ್ಪತ್ರೆಯಲ್ಲಿ, ಬೀದಿಯಲ್ಲಿ ಆಗುವ ಅನ್ಯಾಯವನ್ನು ಪ್ರಶ್ನಿಸಲು ಅಲ್ಲಿ ಸಂಘವೊಂದು ಹುಟ್ಟಿತು. 1996ರಲ್ಲಿ ಕಾನಿ ಸೋಬ್ಚಾಕ್ ಮತ್ತು ಎಲಿಜಬೆತ್ ಸ್ಕಾಟ್ ಸ್ಥಾಪಿಸಿದ ಸಂಸ್ಥೆ ಆಹಾರಸೇವನೆಯ ಮನೋರೋಗಗಳಿಂದ ಬಳಲುವವರ ನಡುವೆ ಈ ವಿಚಾರವನ್ನು ಬೆಳೆಸಿತು. ಇಲ್ಲಿ ನೆನಪಿಡಬೇಕಾದ ಸಂಗತಿಯೊಂದಿದೆ. ಚಳವಳಿಯ ಮೊದಲ ಬೇಡಿಕೆ ಚೆಲುವಿನ ಮನ್ನಣೆಯಾಗಿರಲಿಲ್ಲ, ನ್ಯಾಯವಾಗಿತ್ತು. ಮುಂದೆ ಜಾಹೀರಾತು ಮತ್ತು ಸಾಮಾಜಿಕ ಜಾಲತಾಣಗಳು ಇದನ್ನು ಎತ್ತಿಕೊಂಡಾಗ ನ್ಯಾಯದ ಮಾತು ಹಿಂದೆ ಸರಿದು 'ನಿನ್ನನ್ನು ನೀನು ಪ್ರೀತಿಸು' ಎಂಬ ಉಪದೇಶ ಮುಂದೆ ಬಂತು. ಬಿಸಿಲಿನಲ್ಲಿ ಇಟ್ಟಿಗೆ ಹೊತ್ತು ಬಂದವಳಿಗೆ ಆ ಉಪದೇಶದಿಂದ ಆಗುವ ಲಾಭ ಕಡಿಮೆ. ನ್ಯಾಯದ ಮಾತು ಅವಳಿಗೆ ನೇರವಾಗಿ ಸಂಬಂಧಿಸಿದ್ದು.

ದೇಹಗೌರವ ಮತ್ತು ಆರೋಗ್ಯ ಒಟ್ಟಿಗೆ ಸಾಗಬಲ್ಲವೇ ಎಂಬುದನ್ನು ನೇರವಾಗಿ ಪರೀಕ್ಷಿಸಿದ ಪ್ರಯೋಗ 2005ರಲ್ಲಿ ಪ್ರಕಟವಾಯಿತು. ಲಿಂಡೊ ಬೇಕನ್ ಮತ್ತು ಸಂಗಡಿಗರು 30ರಿಂದ 45 ವರ್ಷದ 78 ಸ್ಥೂಲಕಾಯದ ಮಹಿಳೆಯರನ್ನು ಎರಡು ಗುಂಪು ಮಾಡಿದರು. ಒಂದು ಗುಂಪಿಗೆ ತೂಕ ಇಳಿಸುವ ಪಥ್ಯ. ಇನ್ನೊಂದಕ್ಕೆ ಹಸಿವು ಮತ್ತು ತೃಪ್ತಿಯನ್ನು ಗುರುತಿಸಿ ಉಣ್ಣುವ, ಖುಷಿ ಕೊಡುವ ಚಟುವಟಿಕೆ ಹುಡುಕುವ, ದೇಹವನ್ನು ಒಪ್ಪಿಕೊಳ್ಳುವ ತರಬೇತಿ. ಪಥ್ಯದ ಗುಂಪಿನಲ್ಲಿ ಶೇ. 41ರಷ್ಟು ಮಂದಿ ನಡುವೆ ಬಿಟ್ಟುಹೋದರು, ಎರಡನೆಯದರಲ್ಲಿ ಶೇ. 8 ಮಾತ್ರ. ಪಥ್ಯದವರ ತೂಕ ಮೊದಲು ಇಳಿಯಿತು, ಆದರೆ ಎರಡು ವರ್ಷಗಳ ಹೊತ್ತಿಗೆ ಲಾಭ ಉಳಿಯಲಿಲ್ಲ. ಎರಡನೆಯ ಗುಂಪಿನವರ ತೂಕ ಬದಲಾಗದಿದ್ದರೂ ರಕ್ತದೊತ್ತಡ, ಕೊಲೆಸ್ಟ್ರಾಲ್, ಚಟುವಟಿಕೆ, ಆತ್ಮಗೌರವ ಸುಧಾರಿಸಿದವು. ಇದು ಚಿಕ್ಕ ಪ್ರಯೋಗ, ಅಮೆರಿಕದ ಬಿಳಿಯ ಮಹಿಳೆಯರದು. ಅದರ ಫಲಿತಾಂಶವನ್ನು ನಮ್ಮಲ್ಲಿಗೆ ಎತ್ತಿ ತರುವ ಮೊದಲು ನಮ್ಮ ದೇಹಗಳ ಬಗ್ಗೆ ನಮ್ಮದೇ ನೆಲದ ಅಧ್ಯಯನಗಳು ಏನು ಹೇಳುತ್ತವೆಂದು ಕೇಳಬೇಕು.

3. ಮೈಸೂರು ಮತ್ತು ಪುಣೆ ಕಲಿಸಿದ ಪಾಠ

ಮೈಸೂರಿನ ಹೋಲ್ಡ್ಸ್‌ವರ್ತ್ ಸ್ಮಾರಕ ಆಸ್ಪತ್ರೆ, ಜನ ಇಂದಿಗೂ ಮಿಷನ್ ಆಸ್ಪತ್ರೆ ಎಂದು ಕರೆಯುವ ಸಂಸ್ಥೆ, 1934ರಿಂದ ತನ್ನಲ್ಲಿ ಹುಟ್ಟಿದ ಮಕ್ಕಳ ತೂಕ, ಉದ್ದ, ತಲೆಯ ಸುತ್ತಳತೆಯನ್ನು ದಾಖಲಿಸಿ ಕಾಪಾಡಿಕೊಂಡು ಬಂದಿತ್ತು. ಆ ದಾಖಲೆಗಳಲ್ಲಿದ್ದ ಮಕ್ಕಳು ನಡುವಯಸ್ಸು ತಲುಪಿದಾಗ ಅವರಲ್ಲಿ 500ಕ್ಕೂ ಹೆಚ್ಚು ಮಂದಿಯನ್ನು ಹುಡುಕಿ ಪರೀಕ್ಷಿಸಿದ ಅಧ್ಯಯನ 1998ರಲ್ಲಿ ಪ್ರಕಟವಾಯಿತು. ಕ್ಯಾರೊಲಿನ್ ಫಾಲ್ ಮತ್ತು ಸಂಗಡಿಗರು ಕಂಡದ್ದು ಇದು: ಹುಟ್ಟುವಾಗ ಗಿಡ್ಡಗಿದ್ದು ಉದ್ದಕ್ಕೆ ಹೋಲಿಸಿದರೆ ದುಂಡಗಿದ್ದವರಲ್ಲಿ, ತಾಯಿಯ ತೂಕ ಹೆಚ್ಚಿದ್ದವರಲ್ಲಿ ಮಧುಮೇಹ ಹೆಚ್ಚು. ಅಂದರೆ ನಡುವಯಸ್ಸಿನ ಕಾಯಿಲೆಯ ಒಂದು ಬೇರು ತಾಯಿಯ ಗರ್ಭದ ದಿನಗಳಲ್ಲಿದೆ. ಮಧುಮೇಹ ಬಂದವರನ್ನು ಬಾಯಿ ಚಪಲದವರು, ಸೋಮಾರಿಗಳು ಎಂದು ಹಳಿಯುವುದು ಕ್ರೌರ್ಯವಷ್ಟೇ ಅಲ್ಲ, ವಿಜ್ಞಾನಕ್ಕೂ ವಿರುದ್ಧ.

ಪುಣೆಯಲ್ಲಿ ಚಿತ್ತರಂಜನ್ ಯಾಜ್ಞಿಕ್ ಅವರ ತಂಡ ಸುತ್ತಲಿನ ಹಳ್ಳಿಗಳ ನವಜಾತ ಶಿಶುಗಳನ್ನು ಇಂಗ್ಲೆಂಡಿನ ಶಿಶುಗಳೊಂದಿಗೆ ಹೋಲಿಸಿತು. ಪುಣೆಯ ಮಕ್ಕಳ ಸರಾಸರಿ ತೂಕ 2.7 ಕೆಜಿ, ಇಂಗ್ಲೆಂಡಿನವರದು 3.5 ಕೆಜಿ. ಇಷ್ಟು ಹಗುರವಾದ ಮಕ್ಕಳಲ್ಲೂ ಬೆನ್ನಿನ ಚರ್ಮದಡಿಯ ಕೊಬ್ಬು ಮಾತ್ರ ಅಷ್ಟಾಗಿ ತಗ್ಗಿರಲಿಲ್ಲ, ಸೊರಗಿದ್ದು ಸ್ನಾಯು. ಸಂಶೋಧಕರು ಇವರನ್ನು ತೆಳ್ಳಗಿದ್ದೂ ಕೊಬ್ಬುಳ್ಳ ಮಕ್ಕಳು ಎಂದು ವರ್ಣಿಸಿದರು. 2004ರಲ್ಲಿ ಯಾಜ್ಞಿಕ್ ತಮ್ಮ ಮತ್ತು ಬ್ರಿಟಿಷ್ ಸಹೋದ್ಯೋಗಿ ಜಾನ್ ಯುಡ್ಕಿನ್ ಅವರ ಚಿತ್ರವನ್ನು ಲ್ಯಾನ್ಸೆಟ್ ಪತ್ರಿಕೆಯಲ್ಲಿ ಪ್ರಕಟಿಸಿದರು. ಇಬ್ಬರ ಬಿಎಂಐ 22.3; ಆದರೆ ಯುಡ್ಕಿನ್ ದೇಹದಲ್ಲಿ ಕೊಬ್ಬು ಶೇ. 9.1, ಯಾಜ್ಞಿಕ್ ದೇಹದಲ್ಲಿ ಶೇ. 21.2. ಒಂದೇ ಅಂಕಿಯ ಹಿಂದೆ ಎರಡು ಬೇರೆ ದೇಹಗಳಿದ್ದವು.

ಈ ಅರಿವಿನಿಂದಲೇ 2009ರಲ್ಲಿ ಭಾರತೀಯ ತಜ್ಞರು ಪ್ರತ್ಯೇಕ ಮಿತಿಗಳನ್ನು ಸೂಚಿಸಿದರು. ಬಿಎಂಐ 23 ದಾಟಿದರೆ ಅಧಿಕ ತೂಕ, 25 ದಾಟಿದರೆ ಸ್ಥೂಲಕಾಯ; ಸೊಂಟದ ಸುತ್ತಳತೆ ಗಂಡಸರಿಗೆ 90 ಸೆಂ.ಮೀ., ಹೆಂಗಸರಿಗೆ 80 ಸೆಂ.ಮೀ. ಒಳಗಿರಬೇಕು. 2025ರ ಜನವರಿಯಲ್ಲಿ ಪ್ರಕಟವಾದ ಲ್ಯಾನ್ಸೆಟ್ ಆಯೋಗದ ವರದಿ ಇನ್ನೂ ಮುಂದೆ ಹೋಯಿತು. ಬಿಎಂಐ ಒಂದನ್ನೇ ನೋಡಿ ರೋಗ ನಿರ್ಣಯ ಮಾಡಬಾರದು, ಹೆಚ್ಚಿನ ಕೊಬ್ಬಿನಿಂದ ಅಂಗಾಂಗಗಳಿಗೆ ಅಥವಾ ದಿನನಿತ್ಯದ ಓಡಾಟಕ್ಕೆ ತೊಂದರೆಯಾಗಿದೆಯೇ ಎಂದು ನೋಡಬೇಕು ಎಂದಿತು.

ಪಶ್ಚಿಮದ ದೇಹಗೌರವ ಚಳವಳಿ ದಪ್ಪ ಎಂದ ಮಾತ್ರಕ್ಕೆ ರೋಗಿ ಎನ್ನಬೇಡಿ ಎಂದು ಕೇಳಿತು. ಮೈಸೂರು, ಪುಣೆಯ ಅಧ್ಯಯನಗಳು ಆ ವಾಕ್ಯಕ್ಕೆ ಇನ್ನರ್ಧವನ್ನು ಸೇರಿಸುತ್ತವೆ: ತೆಳ್ಳಗಿದ್ದ ಮಾತ್ರಕ್ಕೆ ನಿರೋಗಿ ಎಂದೂ ಎನ್ನಬೇಡಿ. ದಪ್ಪಗಿರುವವರನ್ನು ಅವಮಾನಿಸುವ ಸಮಾಜ ತೆಳ್ಳಗಿರುವವರನ್ನು ಸುಳ್ಳು ನೆಮ್ಮದಿಯಲ್ಲಿ ಇಡುತ್ತದೆ. ಗಾರೆ ಕೆಲಸದ ಸಣಕಲು ಗಂಡಾಳು ತನಗೆ ಶುಗರ್ ಬರಲಾರದೆಂದು ನಂಬಿ ಪರೀಕ್ಷೆಗೆ ಹೋಗುವುದಿಲ್ಲ. ಎರಡೂ ಕಡೆ ಹಾನಿ ಮಾಡುವುದು ಒಂದೇ ತಪ್ಪು: ಮೈಯ ಆಕಾರ ನೋಡಿ ಆರೋಗ್ಯವನ್ನು ಊಹಿಸುವುದು.

4. ಗೋವಾ ಮತ್ತು ಕರ್ನಾಟಕ: ಅಂಕಿಗಳ ನಡುವಿನ ಬದುಕು

ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ಇಂಡಿಯಾಬ್ ಅಧ್ಯಯನ 2008ರಿಂದ 2020ರವರೆಗೆ ದೇಶದ 1,13,043 ಜನರನ್ನು ಪರೀಕ್ಷಿಸಿ 2023ರಲ್ಲಿ ಫಲಿತಾಂಶ ಪ್ರಕಟಿಸಿತು. ದೇಶದ ವಯಸ್ಕರಲ್ಲಿ ಮಧುಮೇಹ ಶೇ. 11.4, ಗೋವಾದಲ್ಲಿ ಶೇ. 26.4, ದೇಶದಲ್ಲೇ ಅತಿ ಹೆಚ್ಚು. 2019–21ರ ಐದನೆಯ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಬಿಎಂಐ 25 ಅಥವಾ ಅದಕ್ಕಿಂತ ಹೆಚ್ಚಿರುವ ಮಹಿಳೆಯರು ಗೋವಾದಲ್ಲಿ ಶೇ. 36.1, ಕರ್ನಾಟಕದಲ್ಲಿ ಶೇ. 30.1. ಅದೇ ಸಮೀಕ್ಷೆಯಲ್ಲಿ ರಕ್ತಹೀನತೆಯುಳ್ಳ 15ರಿಂದ 49 ವರ್ಷದ ಮಹಿಳೆಯರು ಗೋವಾದಲ್ಲಿ ಶೇ. 39, ಕರ್ನಾಟಕದಲ್ಲಿ ಶೇ. 47.8. ತೂಕ ಕಡಿಮೆಯಿರುವ ಮಹಿಳೆಯರು ಕರ್ನಾಟಕದಲ್ಲಿ ಶೇ. 17.2, ಗೋವಾದಲ್ಲಿ ಶೇ. 13.8.

ಘಟ್ಟ ಇಳಿದು ಬಂದ ಕುಟುಂಬ ಈ ಎರಡು ಅಂಕಿಪಟ್ಟಿಗಳ ನಡುವೆ ಬದುಕುತ್ತದೆ. ಹುಟ್ಟೂರಿನ ಕೊರತೆ ಮೈಯಲ್ಲಿದೆ, ಬಂದ ಊರಿನ ಕಾಯಿಲೆ ಮುಂದಿದೆ. ಬಾಲ್ಯದ ಅರೆಹೊಟ್ಟೆ ದುರ್ಬಲ ಸ್ನಾಯುವನ್ನೂ ಕಡಿಮೆ ಹಿಮೋಗ್ಲೋಬಿನ್ನನ್ನೂ ಕೊಟ್ಟಿರುತ್ತದೆ. ನಗರದ ಅಕ್ಕಿ, ಪಾವ್, ಸಕ್ಕರೆ ಚಹಾ, ಕರಿದ ತಿಂಡಿ ಹೊಟ್ಟೆಯ ಸುತ್ತ ಕೊಬ್ಬನ್ನು ಸೇರಿಸುತ್ತವೆ. ಸೊಂಟ ದೊಡ್ಡದಾಗಿ ರಕ್ತ ತೆಳುವಾಗಿರುವ ಹೆಣ್ಣುಮಗಳಿಗೆ ಕಡಿಮೆ ತಿನ್ನು ಎಂದರೆ ಅವಳ ರಕ್ತಹೀನತೆ ಹೆಚ್ಚುತ್ತದೆ. ಚೆನ್ನಾಗಿ ತಿನ್ನು ಎಂದಷ್ಟೇ ಹೇಳಿದರೆ ಅನ್ನ ಹೆಚ್ಚುತ್ತದೆ. ಅವಳಿಗೆ ಬೇಕಿರುವುದು ಬೇಳೆ, ಕಾಳು, ಸೊಪ್ಪು, ಮೀನು ಅಥವಾ ಮೊಟ್ಟೆ, ಜೊತೆಗೆ ಕುಳಿತು ಉಣ್ಣುವಷ್ಟು ಹೊತ್ತು. ತೂಕ ಇಳಿಸಿ ಎಂಬ ಎರಡು ಪದಗಳ ಸಲಹೆಯಲ್ಲಿ ಇದಾವುದಕ್ಕೂ ಜಾಗವಿಲ್ಲ.

5. ಅವಮಾನ ಮತ್ತು ಕಾಯಿಲೆ

ನಾಚಿಕೆಯಾದರೆ ಜನ ಸುಧಾರಿಸುತ್ತಾರೆ ಎಂಬ ನಂಬಿಕೆ ಮನೆಗಳಲ್ಲೂ ಆಸ್ಪತ್ರೆಗಳಲ್ಲೂ ಆಳವಾಗಿದೆ. ಸಂಶೋಧನೆ ಇದಕ್ಕೆ ವಿರುದ್ಧವಾದುದನ್ನು ತೋರಿಸಿದೆ. ಆಂಜೆಲಿನಾ ಸುಟಿನ್ ಮತ್ತು ಸಂಗಡಿಗರು 2015ರಲ್ಲಿ ಅಮೆರಿಕದ ಎರಡು ದೊಡ್ಡ ಸಮೂಹಗಳ ಮಾಹಿತಿಯನ್ನು ವಿಶ್ಲೇಷಿಸಿದಾಗ, ತೂಕದ ಕಾರಣಕ್ಕೆ ತಾರತಮ್ಯ ಅನುಭವಿಸಿದವರಲ್ಲಿ ಸಾವಿನ ಅಪಾಯ ಸುಮಾರು ಶೇ. 60ರಷ್ಟು ಹೆಚ್ಚಿತ್ತು. ಬಿಎಂಐ ಅನ್ನು ಲೆಕ್ಕಕ್ಕೆ ತೆಗೆದುಕೊಂಡ ಮೇಲೂ ಆ ಅಂತರ ಉಳಿಯಿತು. 2020ರಲ್ಲಿ ಹಲವು ದೇಶಗಳ ವೈದ್ಯಕೀಯ ಸಂಘಟನೆಗಳು ಸೇರಿ ತೂಕದ ಕಳಂಕವನ್ನು ಕೊನೆಗಾಣಿಸಬೇಕೆಂಬ ಜಂಟಿ ಹೇಳಿಕೆ ಹೊರಡಿಸಿದವು. ಅವಮಾನವಾದ ಕಡೆಗೆ ಜನ ಮತ್ತೆ ಹೋಗುವುದಿಲ್ಲ. ಪರೀಕ್ಷೆ ಮುಂದೆ ಹೋಗುತ್ತದೆ, ಮಾತ್ರೆ ನಿಲ್ಲುತ್ತದೆ, ನಾಲ್ಕು ಜನರ ಎದುರು ನಡೆಯಲು, ಓಡಲು, ಕುಣಿಯಲು ಸಂಕೋಚವಾಗುತ್ತದೆ.

ಚಿಂಬಲ್‌ನಂಥ ಕಡೆ ಈ ಅವಮಾನ ತೂಕಕ್ಕೆ ಮಾತ್ರ ಸೀಮಿತವಲ್ಲ. ಘಟ್ಟದ ಮೇಲಿನಿಂದ ಬಂದ ಕೂಲಿಕಾರರನ್ನು ಗೋವಾದಲ್ಲಿ ಹೀಗಳೆದು 'ಘಾಂಟಿ' ಎಂದು ಕರೆಯುವ ರೂಢಿಯಿದೆ. ಆ ಮಾತಿನ ಗುರಿ ಬಿಸಿಲಿಗೆ ಕಪ್ಪಾದ ಚರ್ಮ, ಸಿಮೆಂಟಿಗೆ ಒಡೆದ ಕೈ, ಉಡುಗೆ, ಮಾತಿನ ಧಾಟಿ ಎಲ್ಲವೂ ಹೌದು. ನಮ್ಮ ಮನೆಗಳೂ ಇದರಿಂದ ಮುಕ್ತವಲ್ಲ. ಹೆಣ್ಣು ನೋಡುವಾಗ ಬಣ್ಣ ಕೇಳುತ್ತೇವೆ. ಮದುವೆಗೆ ಮುಂಚೆ 'ಸೊರಗ್ಯಾಳ, ಮೈ ಹಿಡಿದಿಲ್ಲ' ಎನ್ನುವ ಬಂಧುಗಳೇ ಹೆರಿಗೆಯಾದ ಮೇಲೆ 'ಭಾಳ ದಪ್ಪ ಆಗ್ಯಾಳ' ಎನ್ನುತ್ತಾರೆ. ಹೆಣ್ಣಿನ ಮೈ ಎಂದೂ ಸರಿಯಾದ ಅಳತೆಗೆ ಬಾರದಂತೆ ನೋಡಿಕೊಳ್ಳುವ ಮಾತುಗಳಿವು. ತನ್ನ ಭಾಷೆ ನಡೆಯದ ಆಸ್ಪತ್ರೆಯ ಸಾಲಿನಲ್ಲಿ ನಿಂತ ವಲಸಿಗ ಹೆಣ್ಣು ಈ ಎಲ್ಲ ಅವಮಾನಗಳನ್ನೂ ಹೊತ್ತೇ ವೈದ್ಯರ ಮುಂದೆ ಕೂರುತ್ತಾಳೆ. ಅಲ್ಲಿ ಅವಳು ಕೇಳಬೇಕಾದ ಮೊದಲ ಮಾತು ಬೈಗುಳವಾಗಬಾರದು.

6. ದುಡಿಮೆ ವ್ಯಾಯಾಮವಲ್ಲ

ದಿನವಿಡೀ ದುಡಿಯುವವರಿಗೆ ವ್ಯಾಯಾಮ ಏಕೆ ಎಂಬ ಪ್ರಶ್ನೆಯನ್ನು ಕೂಲಿಕಾರರೂ ಕೇಳುತ್ತಾರೆ, ವೈದ್ಯರೂ ಕೇಳುತ್ತಾರೆ. ಪೀಟರ್ ಕೂನೆನ್ ಮತ್ತು ಸಂಗಡಿಗರು 2018ರಲ್ಲಿ 17 ಅಧ್ಯಯನಗಳ, 1,93,696 ಜನರ ಮಾಹಿತಿಯನ್ನು ಒಟ್ಟುಗೂಡಿಸಿ ನೋಡಿದರು. ಕೆಲಸದಲ್ಲಿ ಹೆಚ್ಚು ಮೈಮುರಿದು ದುಡಿಯುವ ಗಂಡಸರಲ್ಲಿ ಅಕಾಲ ಮರಣದ ಅಪಾಯ ಕಡಿಮೆ ಮೈದುಡಿಮೆಯವರಿಗಿಂತ ಶೇ. 18ರಷ್ಟು ಹೆಚ್ಚಿತ್ತು. ಬಿಡುವಿನ ವೇಳೆಯ ವ್ಯಾಯಾಮ ಆಯುಷ್ಯ ಹೆಚ್ಚಿಸುತ್ತದೆ ಎಂಬುದು ಮೊದಲೇ ತಿಳಿದಿತ್ತು. ಒಂದೇ ಸ್ನಾಯು, ಒಂದೇ ಹೃದಯ. ಫಲ ಮಾತ್ರ ಬೇರೆ. ಕಡಿಮೆ ಆದಾಯ, ಧೂಮಪಾನದಂಥ ಅಂಶಗಳೂ ಇದರಲ್ಲಿ ಸೇರಿರಬಹುದು ಎಂಬ ಆಕ್ಷೇಪ ನ್ಯಾಯವಾದುದೇ. ಆದರೆ ಸಂಶೋಧಕರು ಕೊಡುವ ಕಾರಣಗಳು ದುಡಿಯುವವರ ಅನುಭವಕ್ಕೆ ಹೊಂದುತ್ತವೆ. ಕೂಲಿಯ ಕೆಲಸ ಗಂಟೆಗಟ್ಟಲೆ ನಡೆಯುತ್ತದೆ, ವೇಗ ದುಡಿಯುವವರ ಕೈಯಲ್ಲಿಲ್ಲ, ಒಂದೇ ಭಂಗಿಯಲ್ಲಿ ಭಾರ ಎತ್ತಬೇಕು, ರಕ್ತದೊತ್ತಡ ದಿನವಿಡೀ ಏರಿಯೇ ಇರುತ್ತದೆ, ದಣಿವು ಆರುವ ಮೊದಲೇ ಮರುದಿನದ ಪಾಳಿ ಬರುತ್ತದೆ.

ಹನ್ನೆರಡನೆಯ ಶತಮಾನದ ಶರಣರು ದೇಹವನ್ನೇ ದೇಗುಲವೆಂದು ಕಂಡು ಕಾಯಕಕ್ಕೆ ಪೂಜೆಯ ಘನತೆ ಕೊಟ್ಟರು. ಕೂಡಲಸಂಗಮದ ಸುತ್ತಮುತ್ತಲಿನಿಂದ ಬಂದ ಕುಟುಂಬಗಳಿಗೆ ಈ ಪರಂಪರೆ ಪುಸ್ತಕದ ವಿಷಯವಲ್ಲ, ಮನೆಯ ಮಾತು. ದೇಹಗೌರವವನ್ನು ಕನ್ನಡದಲ್ಲಿ ಕಟ್ಟಲು ಇದಕ್ಕಿಂತ ಗಟ್ಟಿ ನೆಲ ಬೇಕಿಲ್ಲ. ಕೆಳಗಿನ ಕೆಲಸ ಎಂದು ಹೀಗಳೆಯಲಾದ ಮೈದುಡಿಮೆಯನ್ನು ಅದು ಎತ್ತಿ ಹಿಡಿಯಿತು. ಮೈಯ ರೂಪಕ್ಕಿಂತ ಮೈಯಿಂದಾಗುವ ಕಾಯಕವನ್ನು ಗೌರವಿಸಿತು. ಆದರೆ ಕಾಯಕವನ್ನು ಹೊಗಳಿ ಕಾಯವನ್ನು ಮರೆಯಬಾರದು. ದೇಗುಲವೆಂದ ಮೇಲೆ ಅದರ ರಕ್ಷಣೆಯೂ ಕರ್ತವ್ಯ. ಕೂರಲು ಜಾಗ, ಕುಡಿಯಲು ನೀರು, ಶೌಚಾಲಯ, ವಾರದ ರಜೆ ಈ ರಕ್ಷಣೆಯ ಭಾಗಗಳು. ಕೆಲಸದ ಜಾಗದಲ್ಲಿ ಕುಡಿಯುವ ನೀರು, ಶೌಚಾಲಯ, ಮಕ್ಕಳನ್ನು ಬಿಡಲು ಕೋಣೆ ಬೇಕೆಂದು 1996ರ ಕಟ್ಟಡ ಕಾರ್ಮಿಕರ ಕಾಯ್ದೆಯೇ ಹೇಳಿತ್ತು. ಶೌಚಾಲಯವಿಲ್ಲವೆಂದು ಹೆಣ್ಣಾಳುಗಳು ನೀರು ಕುಡಿಯದೆ ದುಡಿಯುವ ಕಡೆ ಆರೋಗ್ಯಕರ ಜೀವನಶೈಲಿಯ ಉಪನ್ಯಾಸ ಯಾರಿಗೂ ದಕ್ಕುವುದಿಲ್ಲ.

ವಿಶ್ವ ಆರೋಗ್ಯ ಸಂಸ್ಥೆಯ 2020ರ ಮಾರ್ಗಸೂಚಿ ವಯಸ್ಕರಿಗೆ ವಾರಕ್ಕೆ 150ರಿಂದ 300 ನಿಮಿಷಗಳ ಮಧ್ಯಮ ಚಟುವಟಿಕೆಯನ್ನೂ ಎರಡು ದಿನ ಸ್ನಾಯು ಬಲಪಡಿಸುವ ಅಭ್ಯಾಸವನ್ನೂ ಸೂಚಿಸುತ್ತದೆ. ದುಡಿಯುವವರಿಗೆ ಇದನ್ನು ಹೇಳುವಾಗ ಕ್ರಮ ಬದಲಾಗಬೇಕು: ಮೊದಲು ವಿಶ್ರಾಂತಿ, ಆಮೇಲೆ ಬೆನ್ನು ಮತ್ತು ಮಂಡಿಗೆ ಬಲ ಕೊಡುವ ಅಭ್ಯಾಸ, ಅದರೊಂದಿಗೆ ಖುಷಿಯ ಚಲನೆ. ಕೋಲಾಟ, ಲಂಬಾಣಿ ಕುಣಿತ, ಕಬಡ್ಡಿ, ಖೋಖೋ ಇವರಿಗೆ ಯಾರೂ ಹೊಸದಾಗಿ ಕಲಿಸಬೇಕಿಲ್ಲ. ಮೇಸ್ತ್ರಿಗಾಗಿ ಬಗ್ಗಿದ ಮೈ ಸಂಜೆ ತನಗಾಗಿ ಕುಣಿದರೆ, ಅದು ದೇಹಗೌರವವೂ ಹೌದು, ಆರೋಗ್ಯವೂ ಹೌದು.

7. ರೊಟ್ಟಿಯಿಂದ ಪಾವ್‌ವರೆಗೆ

ಊಟ ಬಲ್ಲವನಿಗೆ ರೋಗವಿಲ್ಲ ಎಂಬ ಗಾದೆ ಎಲ್ಲರಿಗೂ ಗೊತ್ತು. ಬಯಲು ಸೀಮೆಯವರು ಊಟ ಬಲ್ಲವರೇ. ಜೋಳದ ರೊಟ್ಟಿ, ಹೆಸರುಕಾಳು ಅಥವಾ ಮಡಿಕೆಕಾಳಿನ ಪಲ್ಯ, ಹಸಿ ಮೆಂತ್ಯ ಸೊಪ್ಪು, ಉಳ್ಳಾಗಡ್ಡಿ, ಶೇಂಗಾ ಇಲ್ಲವೇ ಗುರೆಳ್ಳಿನ ಹಿಂಡಿ, ಮಜ್ಜಿಗೆ: ನಾರು, ಪ್ರೋಟೀನು, ಕಬ್ಬಿಣ, ಒಳ್ಳೆಯ ಎಣ್ಣೆ ಎಲ್ಲವೂ ಈ ತಟ್ಟೆಯಲ್ಲಿವೆ. 2024ರಲ್ಲಿ ರಾಷ್ಟ್ರೀಯ ಪೋಷಣಾ ಸಂಸ್ಥೆ ಹೊರತಂದ 17 ಆಹಾರ ಸೂತ್ರಗಳು ಏಕದಳ ಧಾನ್ಯದ ಪಾಲು ತಗ್ಗಿಸಿ ಬೇಳೆಕಾಳು, ತರಕಾರಿ, ಸೊಪ್ಪು ಹೆಚ್ಚಿಸಲು ಹೇಳುತ್ತವೆ. ದೇಶದ ಒಟ್ಟು ರೋಗಭಾರದಲ್ಲಿ ಶೇ. 56.4ರಷ್ಟು ಅನಾರೋಗ್ಯಕರ ಆಹಾರದಿಂದ ಬಂದದ್ದೆಂಬುದು ಅದೇ ಸಂಸ್ಥೆಯ ಅಂದಾಜು.

ತಟ್ಟೆ ಬದಲಾದದ್ದು ಅಜ್ಞಾನದಿಂದಲ್ಲ. ರೊಟ್ಟಿ ಬಡಿಯಲು ಹೊತ್ತು ಬೇಕು, ಒಲೆ ಬೇಕು, ಜೋಳ ಬೇಕು. ಬೆಳಗಿನ ಜಾವ ಎದ್ದು ನಾಲ್ಕು ಮನೆಯ ಪಾತ್ರೆ ತಿಕ್ಕಲು ಹೊರಡುವವಳಿಗೆ ಬಾಗಿಲಿಗೇ ಬರುವ ಪಾವ್ ಮತ್ತು ಚಹಾ ಸುಲಭ. 2020ರ ಜನವರಿ 1ರಂದು ಗೋವಾ ಮತ್ತು ಕರ್ನಾಟಕ ಸೇರಿ 12 ರಾಜ್ಯಗಳ ನಡುವೆ ಒಂದು ದೇಶ ಒಂದು ಪಡಿತರ ಚೀಟಿ ವ್ಯವಸ್ಥೆ ಜಾರಿಗೆ ಬಂದದ್ದರಿಂದ ಊರಿನ ಚೀಟಿಗೆ ಇಲ್ಲೂ ಧಾನ್ಯ ಪಡೆಯುವ ಹಕ್ಕು ಸಿಕ್ಕಿದೆ. ಹಸಿವಿನ ವಿರುದ್ಧ ಇದು ದೊಡ್ಡ ಹೆಜ್ಜೆ. ಆ ಹಕ್ಕು ಅಕ್ಕಿ ಗೋಧಿಗಳಲ್ಲೇ ನಿಲ್ಲದೆ ಜೋಳ ಮತ್ತು ಬೇಳೆಗೂ ವಿಸ್ತರಿಸಿದರೆ ಅದು ಮಧುಮೇಹದ ವಿರುದ್ಧದ ಹೆಜ್ಜೆಯೂ ಆಗುತ್ತದೆ. ಮೀನು ತಿನ್ನುವ ಮನೆಗಳಿಗೆ ಗೋವಾದ ಕಡಲು ಕೊಡುವ ತಾರ್ಲಿ, ಬಾಂಗಡೆಗಳು ಪ್ರೋಟೀನಿಗೂ ಹೃದಯಕ್ಕೂ ಒಳ್ಳೆಯವು. ಬಿಟ್ಟುಬಂದ ಊರಿನ ರೊಟ್ಟಿ, ಬಂದು ಸೇರಿದ ಊರಿನ ಮೀನು ಒಂದೇ ತಟ್ಟೆಯಲ್ಲಿ ಕೂಡಬಹುದು. ಉಪವಾಸ ಕೆಡವುವ ಪಥ್ಯದ ಪಟ್ಟಿಗಿಂತ, ತಾನು ತಿಂದು ಬೆಳೆದ ಊಟಕ್ಕೆ ಬೆಲೆಯಿದೆ ಎಂಬ ಹೆಮ್ಮೆಯೇ ಇಲ್ಲಿ ಹೆಚ್ಚು ಕೆಲಸ ಮಾಡಬಲ್ಲದು.

8. ಗೋವಾದಲ್ಲೇ ಇರುವ ದಾರಿ

ಇದನ್ನೆಲ್ಲ ಜನರೊಂದಿಗೆ ಕೂತು ಮಾಡುವವರು ಯಾರು ಎಂಬ ಪ್ರಶ್ನೆಗೆ ಗೋವಾದಲ್ಲೇ ಉತ್ತರವಿದೆ. 1996ರಲ್ಲಿ ವಿಕ್ರಂ ಪಟೇಲ್ ಮತ್ತು ಸಂಗಡಿಗರು ಸ್ಥಾಪಿಸಿದ ಸಂಗಾತ್ ಸಂಸ್ಥೆ ಮಾನಸಿಕ ಆರೋಗ್ಯದಲ್ಲಿ ಜಗತ್ತೇ ಗಮನಿಸಿದ ಪ್ರಯೋಗಗಳನ್ನು ನಡೆಸಿದೆ. ಅವುಗಳಲ್ಲೊಂದಾದ ಹೆಲ್ದಿ ಆ್ಯಕ್ಟಿವಿಟಿ ಪ್ರೋಗ್ರಾಂ ಗೋವಾದ 10 ಪ್ರಾಥಮಿಕ ಆರೋಗ್ಯ ಕೇಂದ್ರಗಳಲ್ಲಿ ನಡೆಯಿತು. ಮನೋವೈದ್ಯಕೀಯ ಪದವಿಯಿಲ್ಲದ, ತರಬೇತಿ ಪಡೆದ ಸ್ಥಳೀಯರು ತೀವ್ರ ಖಿನ್ನತೆಯುಳ್ಳವರೊಂದಿಗೆ ಆರರಿಂದ ಎಂಟು ಬಾರಿ ಕೂತು ಮಾತಾಡಿದರು. ಬದುಕಿನಲ್ಲಿ ಬಿಟ್ಟುಹೋದ, ಮನಸ್ಸಿಗೆ ಹಿತವಾದ ಕೆಲಸಗಳನ್ನು ಒಂದೊಂದಾಗಿ ಮತ್ತೆ ಹಿಡಿಯಲು ನೆರವಾದರು. ಮೂರು ತಿಂಗಳ ನಂತರ ಇವರಲ್ಲಿ ಶೇ. 64 ಮಂದಿ ಖಿನ್ನತೆಯಿಂದ ಹೊರಬಂದಿದ್ದರು. ಸುಧಾರಿತ ಸಾಮಾನ್ಯ ಆರೈಕೆಯನ್ನಷ್ಟೇ ಪಡೆದವರಲ್ಲಿ ಶೇ. 39.

ದೇಹಗೌರವಕ್ಕೂ ಇದೇ ವಿಧಾನ ಹೊಂದುತ್ತದೆ. ಜೆಸಿಕಾ ಅಲೆವಾ ಮತ್ತು ಸಂಗಡಿಗರು 2015ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಮಹಿಳೆಯರು ತಮ್ಮ ದೇಹ ಹೇಗೆ ಕಾಣುತ್ತದೆ ಎನ್ನುವ ಬದಲು ಅದು ತಮಗಾಗಿ ಏನೇನು ಮಾಡುತ್ತದೆ ಎಂದು ಬರೆದರು. ದೇಹದ ಬಗೆಗಿನ ಅವರ ತೃಪ್ತಿ ಹೆಚ್ಚಿತು. ದುಡಿದು ಬದುಕುವವರಿಗೆ ಈ ಪ್ರಶ್ನೆಗೆ ಉತ್ತರ ಹುಡುಕಬೇಕಾಗಿಯೇ ಇಲ್ಲ. ಮನೆ ಕಟ್ಟಿದ, ಮಕ್ಕಳನ್ನು ಸಾಕಿದ, ಸಾಲ ತೀರಿಸಿದ ಕೈಗಳಿವು. ಬರೆಯಲು ಬಾರದವರು ಹೇಳಬಹುದು, ಕೇಳುವವರು ಬೇಕಷ್ಟೆ.

ಈ ಆಧಾರಗಳ ಮೇಲೆ ಚಿಂಬಲ್‌ನಂಥ ಬಡಾವಣೆಗೆ ಐದು ಕ್ರಮಗಳನ್ನು ಸೂಚಿಸಬಹುದು. ಒಂದು, 30 ದಾಟಿದ ಎಲ್ಲರಿಗೂ, ದಪ್ಪ ತೆಳು ನೋಡದೆ, ರಕ್ತದೊತ್ತಡ, ರಕ್ತದ ಸಕ್ಕರೆ, ಹಿಮೋಗ್ಲೋಬಿನ್, ಸೊಂಟದ ಸುತ್ತಳತೆ ಪರೀಕ್ಷೆ. ರಾಷ್ಟ್ರೀಯ ಕಾರ್ಯಕ್ರಮದಡಿ 30ರ ನಂತರದ ತಪಾಸಣೆ ಈಗಾಗಲೇ ಇರುವುದರಿಂದ ಹಿಮೋಗ್ಲೋಬಿನ್ ಸೇರಿಸಿ ಕೂಲಿ ಮುಗಿದ ಸಂಜೆ ಹೊತ್ತಿನಲ್ಲಿ ನಡೆಸಬೇಕು. ಎರಡು, ತೂಕ ನೋಡುವ ಮುನ್ನ ಒಪ್ಪಿಗೆ ಕೇಳುವುದು, ಅಂಕಿಯನ್ನು ಸಾಲಿನಲ್ಲಿ ನಿಂತವರಿಗೆಲ್ಲ ಕೇಳುವಂತೆ ಕೂಗದಿರುವುದು. ಮೂರು, ಅದೇ ಬಡಾವಣೆಯ ಕನ್ನಡ ಮತ್ತು ಕೊಂಕಣಿ ಎರಡೂ ಬಲ್ಲ ಅಕ್ಕಂದಿರಿಗೆ ತರಬೇತಿ ಮತ್ತು ಗೌರವಧನ. ನಾಲ್ಕು, ಗುರಿಯನ್ನು ಕಿಲೋದಲ್ಲಿ ಹೇಳದೆ ಕೆಲಸದಲ್ಲಿ ಹೇಳುವುದು: ನಿದ್ದೆ ಬಂತೇ, ಮೆಟ್ಟಿಲು ಹತ್ತುವಾಗ ಏದುಸಿರು ತಗ್ಗಿತೇ, ಸಕ್ಕರೆ ಹತೋಟಿಗೆ ಬಂತೇ. ಐದು, ಕೆಲಸ ಕೊಡುವವರು, ಪಂಚಾಯತಿ, ಪಡಿತರ ಇಲಾಖೆಗಳನ್ನು ಇದೇ ಮಾತುಕತೆಯೊಳಗೆ ತರುವುದು.

9. ಒಂದು ಆಕ್ಷೇಪ

ದೇಹಗೌರವದ ಮಾತು ಸ್ಥೂಲಕಾಯವನ್ನು ಸಹಜವೆಂದು ಒಪ್ಪಿಸಿ ಕಾಯಿಲೆಯನ್ನು ಮರೆಸುತ್ತದೆ ಎಂಬ ಭಯ ವೈದ್ಯರಲ್ಲಿದೆ. ನಾಲ್ವರಲ್ಲಿ ಒಬ್ಬರಿಗಿಂತ ಹೆಚ್ಚು ವಯಸ್ಕರಿಗೆ ಮಧುಮೇಹವಿರುವ ರಾಜ್ಯದಲ್ಲಿ ಈ ಭಯವನ್ನು ಹಗುರವಾಗಿ ತೆಗೆದುಕೊಳ್ಳಲಾಗದು. ಹೊಟ್ಟೆಯ ಒಳಗಿನ ಕೊಬ್ಬು ಅಪಾಯಕಾರಿ ಎಂಬುದರಲ್ಲಿ ಸಂಶಯವಿಲ್ಲ. ತೂಕ ಇಳಿದರೆ ಅನೇಕರ ಮಧುಮೇಹ ಹತೋಟಿಗೆ ಬರುತ್ತದೆ ಎಂಬುದೂ ನಿಜ. ಯಾವ ಗಾತ್ರದಲ್ಲೂ ಅಪಾಯವಿಲ್ಲ ಎನ್ನುವ ವಾದವನ್ನು ಈ ಲೇಖನ ಒಪ್ಪುವುದಿಲ್ಲ. ಒಪ್ಪುವುದು ಇಷ್ಟನ್ನು: ಅಪಾಯವನ್ನು ಹೇಳಲು ಅವಮಾನ ಬೇಕಿಲ್ಲ. ತನ್ನ ಮೈಯನ್ನು ಹೇಸುವವರು ಅದರ ಆರೈಕೆಯನ್ನು ಬಹುಕಾಲ ಮಾಡಲಾರರು. ತೂಕ ಇಳಿಯುವವರೆಗೆ ಗೌರವವನ್ನು ತಡೆಹಿಡಿಯುವ ಪದ್ಧತಿ ತೂಕವನ್ನೂ ಇಳಿಸಿಲ್ಲ, ಆರೋಗ್ಯವನ್ನೂ ತಂದಿಲ್ಲ.

10. ಉಪಸಂಹಾರ

ದೇಹಗೌರವ ಮತ್ತು ಆರೋಗ್ಯಕರ ಬದುಕನ್ನು ಬೆಸೆಯುವ ಪ್ರಶ್ನೆಗೆ ಈವರೆಗೆ ಸಿಕ್ಕ ಉತ್ತರಗಳು ಬಹುಪಾಲು ವ್ಯಕ್ತಿಯ ಮನಸ್ಸನ್ನು ತಿದ್ದುವಂಥವು. ಚಿಂಬಲ್‌ನಿಂದ ನೋಡಿದಾಗ ತಿದ್ದಬೇಕಾದ್ದು ವ್ಯವಸ್ಥೆಯನ್ನು ಎಂಬುದು ಸ್ಪಷ್ಟವಾಗುತ್ತದೆ. ಮೈಸೂರಿನ ಹಳೆಯ ಹೆರಿಗೆ ದಾಖಲೆಗಳು ಕಾಯಿಲೆಯ ಹೊಣೆಯನ್ನು ರೋಗಿಯ ಹೆಗಲಿಂದ ಅರ್ಧ ಇಳಿಸುತ್ತವೆ. ಪುಣೆಯ ಅಧ್ಯಯನಗಳು ಮೈಯ ಆಕಾರವನ್ನು ನಂಬಬೇಡಿ ಎನ್ನುತ್ತವೆ. ದುಡಿಮೆಯ ಅಧ್ಯಯನಗಳು ವಿಶ್ರಾಂತಿಯೂ ಚಿಕಿತ್ಸೆ ಎನ್ನುತ್ತವೆ. ಸಂಗಾತ್‌ನ ಪ್ರಯೋಗ ಪಕ್ಕದ ಮನೆಯವರೇ ಆರೈಕೆ ಮಾಡಬಲ್ಲರೆಂದು ತೋರಿಸಿದೆ. ಇವೆಲ್ಲ ನಮ್ಮದೇ ನೆಲದ ಮತ್ತು ಅದಕ್ಕೆ ಹೊಂದುವ ಜ್ಞಾನ. ಗೋವಾವನ್ನು ಕಟ್ಟಿದ ದೇಹಗಳಿಗೆ ಗೋವಾದ ಆರೋಗ್ಯ ವ್ಯವಸ್ಥೆ ಋಣಿ. ಅವರ ಸಂಜೆಯ ಹೊತ್ತಿಗೆ ತೆರೆದಿರುವ, ಅವರ ಭಾಷೆಯಲ್ಲಿ ಮಾತಾಡುವ, ಅವರ ಮೈಯನ್ನು ಹೀಗಳೆಯದೆ ಪರೀಕ್ಷಿಸುವ ಆರೋಗ್ಯ ಕೇಂದ್ರದಿಂದ ಆ ಋಣ ತೀರಿಸುವ ಕೆಲಸ ಆರಂಭವಾಗಬೇಕು. ಆ ಋಣದಲ್ಲಿ ಇವರನ್ನು ಕಳಿಸಿಕೊಟ್ಟ ಕರ್ನಾಟಕಕ್ಕೂ ಪಾಲಿದೆ.